ಚುನಾವಣೆ ಮುಂದೆ ಹೋದರೆ ಸಂಘ ಯಾರ ಕೈಗೆ?

ಪಶ್ಚಿಮ ಘಟ್ಟದ ಬುಡದಲ್ಲಿರುವ ಅಮಾಸೆಬೈಲಿನಂಥ ಊರುಗಳಲ್ಲಿ ಸಹಕಾರಿ ಸಂಘದ ಚುನಾವಣೆಗೆ ಪಂಚಾಯತ್ ಚುನಾವಣೆಯಷ್ಟೇ ಕಾವು. ಬೆಳೆಸಾಲ, ಗೊಬ್ಬರ, ಹಾಲಿನ ಹಣ ಎಲ್ಲವೂ ಸಂಘದ ಮೂಲಕವೇ ಬರಬೇಕು. ಹೀಗಾಗಿ ಚುನಾವಣೆ ಮುಂದೂಡಿದ ಸುದ್ದಿ ಬಂದರೆ ಸದಸ್ಯರು ಕೇಳುವುದು ಮುಂದಿನ ದಿನಾಂಕವನ್ನು ಮಾತ್ರವಲ್ಲ. ಅಲ್ಲಿಯ ತನಕ ಕುರ್ಚಿಯಲ್ಲಿ ಕೂರುವವರು ಯಾರು? ಮತದಾರರ ಪಟ್ಟಿ ಬದಲಾಗುತ್ತದೆಯೇ? ಕೋರ್ಟಿಗೆ ಹೋದ ಬಹುತೇಕ ವ್ಯಾಜ್ಯಗಳ ತಿರುಳು ಈ ಎರಡು ಪ್ರಶ್ನೆಗಳೇ.

ಈ ತಕರಾರಿನ ಬೇರು ಸಹಕಾರ ಕಾನೂನಿನ ಹುಟ್ಟಿನಲ್ಲೇ ಇದೆ. 1904ರಲ್ಲಿ ಬ್ರಿಟಿಷ್ ಸರಕಾರ ಸಹಕಾರಿ ಪತ್ತಿನ ಸಂಘಗಳ ಕಾಯ್ದೆಯನ್ನು ತಂದಿತು. ಮರುವರ್ಷವೇ ಗದಗ ಬಳಿಯ ಕಣಗಿನಹಾಳದಲ್ಲಿ ಸಂಘ ಆರಂಭವಾಯಿತು. ಮದ್ರಾಸ್ ಪ್ರಾಂತಕ್ಕೆ ಸೇರಿದ್ದ ದಕ್ಷಿಣ ಕನ್ನಡದಲ್ಲಿ ಮೊಳಹಳ್ಳಿ ಶಿವರಾಯರು 1909ರಲ್ಲಿ ಪುತ್ತೂರಿನಲ್ಲಿ ಸಂಘ ಕಟ್ಟಿದರು. 1914ರಲ್ಲಿ ಜಿಲ್ಲಾ ಕೇಂದ್ರ ಸಹಕಾರಿ ಬ್ಯಾಂಕ್ ಸ್ಥಾಪನೆಯಾಯಿತು. ಷೇರು ಎಷ್ಟೇ ಇರಲಿ, ಸದಸ್ಯನಿಗೆ ಒಂದೇ ಮತ ಎಂಬುದು ಸಹಕಾರ ತತ್ವ. ಆದರೆ ಸಂಘದ ನೋಂದಣಿ, ಲೆಕ್ಕಪರಿಶೋಧನೆ, ವಿಚಾರಣೆಗಳೆಲ್ಲ ಸರಕಾರಿ ಅಧಿಕಾರಿಯಾದ ರಿಜಿಸ್ಟ್ರಾರರ ಕೈಯಲ್ಲಿ. ಸದಸ್ಯರ ಸ್ವಾಯತ್ತತೆ, ಸರಕಾರದ ಹಿಡಿತ ಇವೆರಡರ ನಡುವಿನ ಎಳೆದಾಟ ಅಂದಿನಿಂದಲೂ ಇದೆ.

ರಾಜ್ಯ ಏಕೀಕರಣದ ಬಳಿಕ ಬೇರೆ ಬೇರೆ ಪ್ರಾಂತಗಳ ಕಾನೂನುಗಳ ಜಾಗದಲ್ಲಿ 1959ರ ಸಹಕಾರ ಸಂಘಗಳ ಕಾಯ್ದೆ ಬಂದು, 1960ರಲ್ಲಿ ಜಾರಿಯಾಯಿತು. ಅವಧಿ ಮುಗಿಯುವುದರೊಳಗೆ ಹೊಸ ಮಂಡಳಿ ಆರಿಸಬೇಕು, ಇಲ್ಲದಿದ್ದರೆ ಆಡಳಿತಾಧಿಕಾರಿ ಬರುತ್ತಾರೆ ಎಂಬುದು ಅದರ ಸಾರ. ಆದರೆ ಅದೇ ಕಾಯ್ದೆಯ 121ನೇ ಕಲಮು, ಯಾವುದೇ ಸಂಘಕ್ಕೆ ಕಾಯ್ದೆಯ ಯಾವುದೇ ನಿಯಮದಿಂದ ವಿನಾಯಿತಿ ಕೊಡುವ ಅಧಿಕಾರವನ್ನು ಸರಕಾರಕ್ಕೆ ನೀಡಿದೆ. ಹೀಗಾಗಿ ಸರಕಾರದ ಒಂದು ಆದೇಶದಿಂದಲೂ, ಕೋರ್ಟಿನ ಒಂದು ತಡೆಯಾಜ್ಞೆಯಿಂದಲೂ ಚುನಾವಣೆ ನಿಲ್ಲಬಹುದು. 2020ರಲ್ಲಿ ಕೋವಿಡ್ ಕಾರಣಕ್ಕೆ ರಾಜ್ಯದಲ್ಲಿ ಸಹಕಾರಿ ಚುನಾವಣೆಗಳು ಮುಂದೆ ಹೋದದ್ದು ಹೊಸ ನೆನಪು.

ಆಡಳಿತಾಧಿಕಾರಿ ಬಂದ ಮೇಲೆ ಏನು ಮಾಡಬಹುದು? ದೊಡ್ಡ ಜಗಳ ಇರುವುದು ಇಲ್ಲಿಯೇ. ಚುನಾವಣೆಗೆ ಮುಂಚೆ ನೂರಾರು ಹೊಸ ಸದಸ್ಯರನ್ನು ಸೇರಿಸಿದರೆ ಫಲಿತಾಂಶ ತಾನಾಗಿಯೇ ಬದಲಾಗುತ್ತದೆ. 1997ರಲ್ಲಿ ಕರ್ನಾಟಕದ ಪ್ರಕರಣವೊಂದರಲ್ಲಿ ಸುಪ್ರೀಂ ಕೋರ್ಟು, ಹೊಸ ಸದಸ್ಯರನ್ನು ಸೇರಿಸುವ ಅಧಿಕಾರ ಆಡಳಿತಾಧಿಕಾರಿಗೆ ಇಲ್ಲವೆಂದು ಸ್ಪಷ್ಟಪಡಿಸಿತು. ಕೇರಳದ ಪ್ರಕರಣದಲ್ಲಿ 2000ದಲ್ಲಿ ಅದೇ ನಿಲುವನ್ನು ಪುನರುಚ್ಚರಿಸಿತು. ಆಡಳಿತಾಧಿಕಾರಿ ಕೇವಲ ತಾತ್ಕಾಲಿಕ ಕಾವಲುಗಾರ; ದಿನನಿತ್ಯದ ಕೆಲಸ ನಡೆಸಿ, ಚುನಾವಣೆ ಮಾಡಿಸಿ ಹೊರಡಬೇಕಾದವನು ಎಂಬುದು ಇದರ ಅರ್ಥ.

ಮಹಾರಾಷ್ಟ್ರದ ಹಾಲು ಉತ್ಪಾದಕರ ಸಂಘವೊಂದರ ವ್ಯಾಜ್ಯದಲ್ಲಿ 2001ರಲ್ಲಿ ಇನ್ನೊಂದು ಮಾತು ಇತ್ಯರ್ಥವಾಯಿತು. ಮತದಾರರ ಪಟ್ಟಿಯ ತಯಾರಿಯೂ ಚುನಾವಣಾ ಪ್ರಕ್ರಿಯೆಯ ಭಾಗ. ಪ್ರಕ್ರಿಯೆ ಶುರುವಾದ ಮೇಲೆ ಹೈಕೋರ್ಟು ಸಾಮಾನ್ಯವಾಗಿ ಕೈಹಾಕಬಾರದು. ದೂರಿದ್ದರೆ ಫಲಿತಾಂಶದ ನಂತರ ಚುನಾವಣಾ ತಕರಾರು ಹೂಡಬೇಕು. ಕರ್ನಾಟಕದಲ್ಲಿ ಇಂಥ ತಕರಾರಿಗೆ 1959ರ ಕಾಯ್ದೆಯ 70ನೇ ಕಲಮಿನಲ್ಲಿ ದಾರಿಯಿದೆ. ಆದರೂ ಮಹಾಸಭೆಗೆ ಬಾರದವರಿಗೆ, ಸಂಘದ ಸೇವೆ ಬಳಸದವರಿಗೆ ಮತವಿಲ್ಲವೆಂಬ ನಿಯಮ ಬಂದ ಮೇಲೆ ಪಟ್ಟಿಯಿಂದ ಹೊರಬಿದ್ದವರು ಹೈಕೋರ್ಟಿನ ಬಾಗಿಲು ತಟ್ಟುವುದು ಮಾಮೂಲಾಯಿತು.

ವಿಳಂಬಕ್ಕೆ ಕಡಿವಾಣ ಹಾಕಲು 2012ರ ಫೆಬ್ರವರಿ 15ರಂದು ಸಂವಿಧಾನದ 97ನೇ ತಿದ್ದುಪಡಿ ಜಾರಿಗೆ ಬಂತು. ಮಂಡಳಿಗೆ ಐದು ವರ್ಷದ ಅವಧಿ. ಅದು ಮುಗಿಯುವ ಮುನ್ನವೇ ಚುನಾವಣೆ. ಮಂಡಳಿಯನ್ನು ಸೂಪರ್‌ಸೀಡ್ ಮಾಡಿದರೂ ಸಾಮಾನ್ಯವಾಗಿ ಆರು ತಿಂಗಳ ಮಿತಿ. ಅದಕ್ಕನುಗುಣವಾಗಿ ಕರ್ನಾಟಕವೂ ಕಾಯ್ದೆ ತಿದ್ದಿ ಸಹಕಾರ ಚುನಾವಣಾ ಪ್ರಾಧಿಕಾರ ರಚಿಸಿತು. ಆದರೆ ಅರ್ಧದಷ್ಟು ರಾಜ್ಯಗಳ ವಿಧಾನಮಂಡಲಗಳ ಅನುಮೋದನೆ ಪಡೆಯಲಿಲ್ಲವೆಂಬ ಕಾರಣಕ್ಕೆ ಗುಜರಾತ್ ಹೈಕೋರ್ಟು 2013ರಲ್ಲಿ ಈ ಭಾಗವನ್ನು ರದ್ದುಪಡಿಸಿತು. ಸುಪ್ರೀಂ ಕೋರ್ಟು 2021ರ ಜುಲೈ 20ರಂದು, ಬಹುಮತದ ತೀರ್ಪಿನಲ್ಲಿ, ಅದನ್ನು ಬಹುರಾಜ್ಯ ಸಂಘಗಳಿಗೆ ಮಾತ್ರ ಉಳಿಸಿತು.

ಇದರ ಪರಿಣಾಮ ಕರಾವಳಿಯ ಅಡಿಕೆ ಬೆಳೆಗಾರನಿಗೂ ತಟ್ಟುತ್ತದೆ. 1973ರಲ್ಲಿ ಮಂಗಳೂರಿನಲ್ಲಿ ಹುಟ್ಟಿದ ಕ್ಯಾಂಪ್ಕೋ ಕರ್ನಾಟಕ, ಕೇರಳಗಳಿಗೆ ಸೇರಿದ ಬಹುರಾಜ್ಯ ಸಂಸ್ಥೆ. ಅದರ ಚುನಾವಣೆಯ ಗಡುವಿಗೆ ಸಂವಿಧಾನದ ರಕ್ಷಣೆಯಿದೆ. ಅದೇ ಬೆಳೆಗಾರ ಸದಸ್ಯನಾಗಿರುವ ಊರಿನ ಸಂಘಕ್ಕೆ ಅದಿಲ್ಲ. ಅಲ್ಲಿ ರಾಜ್ಯದ ಕಾಯ್ದೆಯೇ ಗತಿ, ಅದನ್ನು ವಿಧಾನಮಂಡಲ ತಿದ್ದಬಹುದು. ಒಬ್ಬನೇ ಸದಸ್ಯ, ಎರಡು ಸಂಘ, ಎರಡು ಬಗೆಯ ಭರವಸೆ.

ಕೋರ್ಟು ಕೊನೆಗೆ ನ್ಯಾಯ ಕೊಡಬಹುದು. ಆದರೆ ವ್ಯಾಜ್ಯ ಎಳೆದಷ್ಟೂ ಆರಿಸಿ ಬರದವರ ಆಡಳಿತವೂ ಬೆಳೆಯುತ್ತದೆ. ಮಳೆಗಾಲಕ್ಕೆ ಮೊದಲು ಸಾಲ ಬೇಕಾದ ರೈತನಿಗೆ ಉತ್ತರ ಹೇಳಬೇಕಾದವನು ಆ ರೈತನ ಮತದಿಂದ ಬಂದವನಾಗಿರುವುದಿಲ್ಲ.