ಹನ್ನೊಂದು ಪೈಸೆಯ ಔಷಧ

ಚರಿತ್ರೆಯೆಂದರೆ ಯುದ್ಧ, ಒಪ್ಪಂದ, ಇಸವಿ, ಇಷ್ಟೇ ಎಂಬ ಭಾವನೆ ನಮ್ಮ ಮಕ್ಕಳಲ್ಲಿ ಬೇರೂರಿದೆ. ಅದರಲ್ಲಿ ಅವರ ತಪ್ಪೇನೂ ಇಲ್ಲ. ನಾವು ಕಲಿಸುವುದೇ ಹಾಗೆ. 1971 ಎಂದೊಡನೆ ಡಿಸೆಂಬರಿನ ಯುದ್ಧ, ಢಾಕಾದ ಶರಣಾಗತಿ, ಬಾಂಗ್ಲಾದೇಶದ ಉದಯ ಎಂದು ಪಟಪಟನೆ ಒಪ್ಪಿಸುತ್ತಾರೆ. ಅದೇ ವರ್ಷದ ಮಳೆಗಾಲದಲ್ಲಿ, ಅದೇ ಗಡಿಯ ಅಂಚಿನ ಒಂದು ಸಣ್ಣ ಆಸ್ಪತ್ರೆಯಲ್ಲಿ ನಡೆದ ಇನ್ನೊಂದು ಸಂಗತಿ ಯಾವ ಪಾಠದಲ್ಲೂ ಇಲ್ಲ. ನಾನು ಓದಿದ್ದು ಬಿ.ಎ., ಬಿ.ಎಡ್.; ವೈದ್ಯಶಾಸ್ತ್ರ ನನ್ನ ವಿಷಯವಲ್ಲ. ಆದರೂ ಈ ಕಥೆಯನ್ನು ನಾನು ಚರಿತ್ರೆಯೆಂದೇ ಓದಿದೆ, ಚರಿತ್ರೆಯೆಂದೇ ಹೇಳುತ್ತೇನೆ.

ಕಾಲರಾ ನಮಗೆ ಹೊಸದಲ್ಲ. ನಮ್ಮ ಹಳ್ಳಿಗಳಲ್ಲಿ ಅದನ್ನು ವಾಂತಿಭೇದಿ ಎನ್ನುತ್ತಿದ್ದರು. ಮಾರಿಯ ಮುನಿಸೆಂದು ತಿಳಿದು, ಅವಳನ್ನು ಊರಾಚೆ ಸಾಗಹಾಕಲು ಪೂಜೆ ಮಾಡುತ್ತಿದ್ದರು. ರೋಗ ಜೋರಾದರೆ ಒಂದೇ ದಿನದಲ್ಲಿ ಹತ್ತು ಲೀಟರಿಗೂ ಹೆಚ್ಚು ನೀರು ದೇಹದಿಂದ ಹೊರಟುಹೋಗುತ್ತದೆ. ಬೆಳಿಗ್ಗೆ ಗದ್ದೆಗೆ ಹೋದವನು ಸಂಜೆಗೆ ಇಲ್ಲ. 1884ರಲ್ಲಿ ಜರ್ಮನಿಯ ರಾಬರ್ಟ್ ಕಾಕ್ ಕಲ್ಕತ್ತೆಗೆ ಬಂದು, ರೋಗಿಗಳ ಕರುಳಿನಲ್ಲೂ ಅಲ್ಲಿನ ಒಂದು ಕೆರೆಯ ನೀರಿನಲ್ಲೂ ಇದರ ರೋಗಾಣುವನ್ನು ಗುರುತಿಸಿದ. ಆದರೆ ಆ ರೋಗಾಣು ಕೊಲ್ಲುವ ಬಗೆ ಹೇಗೆ ಎಂಬುದು ಸ್ಪಷ್ಟವಾಗಲು ಮತ್ತೆ 75 ವರ್ಷ ಬೇಕಾಯಿತು. ಅದನ್ನು ತೋರಿಸಿದವರು ಕಲ್ಕತ್ತೆಯವರೇ ಆದ ಶಂಭುನಾಥ ಡೇ. ಅವರು ಮೊಲದ ಕರುಳಿನ ಒಂದು ಭಾಗವನ್ನು ಕಟ್ಟಿ, ರೋಗಾಣುಗಳನ್ನು ಸೋಸಿ ತೆಗೆದ ದ್ರವವನ್ನಷ್ಟೇ ಅದರೊಳಗೆ ಬಿಟ್ಟರು. ಕರುಳು ನೀರು ತುಂಬಿ ಉಬ್ಬಿತು. ರೋಗಾಣು ಸ್ರವಿಸುವ ವಿಷವೇ ನೀರನ್ನು ಸೆಳೆಯುತ್ತದೆ ಎಂದು ಅವರು 1959ರಲ್ಲಿ ಪ್ರಕಟಿಸಿದರು.

ಹೋದ ನೀರನ್ನು ಹಿಂದಕ್ಕೆ ತುಂಬಿದರೆ ರೋಗಿ ಬದುಕುತ್ತಾನೆ ಎಂಬುದೂ ಹಳೆಯ ತಿಳಿವಳಿಕೆಯೇ. 1832ರಲ್ಲಿಯೇ ಸ್ಕಾಟ್ಲೆಂಡಿನ ಥಾಮಸ್ ಲಟ್ಟಾ ಎಂಬ ವೈದ್ಯ ರಕ್ತನಾಳಕ್ಕೆ ಉಪ್ಪುನೀರು ಹಾಯಿಸಿ ಕೆಲವರನ್ನು ಉಳಿಸಿದ್ದ. ಆದರೆ ಅದಕ್ಕೆ ಶುದ್ಧಿ ಮಾಡಿದ ನೀರು ಬೇಕು, ಸೂಜಿ ಬೇಕು, ಬಾಟಲಿ ಬೇಕು, ಬಲ್ಲವರ ಕೈ ಬೇಕು. ಬಡವರ ರೋಗಕ್ಕೆ ಅದು ಎಟುಕದ ಮದ್ದು. ಬಾಯಲ್ಲಿ ಬರೀ ಉಪ್ಪುನೀರು ಕುಡಿಸಿದರೆ ಕರುಳು ಅದನ್ನು ಹೀರುವುದೇ ಇಲ್ಲ.

ಈ ಗಂಟನ್ನು ಬಿಚ್ಚಿದ್ದು ಪ್ರಯೋಗಾಲಯದ ಸಂಶೋಧನೆ. 1960ರಲ್ಲಿ ಪ್ರಾಗ್ ನಗರದ ಒಂದು ಸಭೆಯಲ್ಲಿ ಅಮೆರಿಕದ ರಾಬರ್ಟ್ ಕ್ರೇನ್ ಒಂದು ವಿವರಣೆ ಮುಂದಿಟ್ಟ: ಕರುಳಿನ ಗೋಡೆಯಲ್ಲಿ ಉಪ್ಪಿನ ಸೋಡಿಯಂ ಮತ್ತು ಗ್ಲೂಕೋಸ್ ಜೊತೆಯಾಗಿಯೇ ಒಳಗೆ ಹೋಗುತ್ತವೆ. ನಾನು ತರಗತಿಯಲ್ಲಿ ಇದನ್ನು ಜಾತ್ರೆಯ ಕಾವಲುಗಾರನ ಮಾತಾಗಿ ಹೇಳುತ್ತೇನೆ. ಉಪ್ಪು ಒಂಟಿಯಾಗಿ ಬಂದರೆ ಅವನು ಬಾಗಿಲು ತೆರೆಯುವುದಿಲ್ಲ. ಸಕ್ಕರೆಯ ಕೈ ಹಿಡಿದು ಬಂದರೆ ಒಳಗೆ ಬಿಡುತ್ತಾನೆ. ಉಪ್ಪು ಒಳಗೆ ಹೋದರೆ ನೀರು ಅದರ ಹಿಂದೆಯೇ ಹೋಗುತ್ತದೆ. ಕಾಲರಾ ವಿಷ ಈ ಬಾಗಿಲನ್ನು ಕೆಡಿಸುವುದಿಲ್ಲ ಎಂಬುದೇ ನಮ್ಮ ಪುಣ್ಯ. 1968ರಲ್ಲಿ ಢಾಕಾದ ಕಾಲರಾ ಪ್ರಯೋಗಾಲಯದಲ್ಲಿ ಡೇವಿಡ್ ನೇಲಿನ್, ರಿಚರ್ಡ್ ಕ್ಯಾಶ್ ಎಂಬ ತರುಣ ವೈದ್ಯರು ರೋಗಿಗಳಿಗೆ ಇಂಥ ನೀರನ್ನು ಕುಡಿಸಿ ನೋಡಿದರು. ಬಾಟಲಿ ಏರಿಸುವ ಅಗತ್ಯ ಬಹುಮಟ್ಟಿಗೆ ತಗ್ಗಿತು. ಆದರೂ ಹಿರಿಯ ವೈದ್ಯರು ನೆಚ್ಚಲಿಲ್ಲ. ಆಸ್ಪತ್ರೆಯಲ್ಲಿ, ಪರಿಣತರ ಕಣ್ಣೆದುರಿಗೆ ಆದದ್ದು ಬಯಲಲ್ಲಿ ಆದೀತೇ ಎಂಬುದು ಅವರ ಪ್ರಶ್ನೆ.

ಅದಕ್ಕೆ ಉತ್ತರ ಬಂದದ್ದು ಬನಗಾಂವ್‌ನಿಂದ. 1971ರಲ್ಲಿ ಪೂರ್ವ ಪಾಕಿಸ್ತಾನದಿಂದ ಸುಮಾರು ಒಂದು ಕೋಟಿ ನಿರಾಶ್ರಿತರು ಭಾರತಕ್ಕೆ ಬಂದರು. ಶಿಬಿರಗಳಲ್ಲಿ ಕಾಲರಾ ಹಬ್ಬಿತು. ಜೂನ್ ತಿಂಗಳ ಕೊನೆಯಲ್ಲಿ ಡಾಕ್ಟರ್ ದಿಲೀಪ್ ಮಹಾಲನಬಿಸ್ ಎಂಬ ಮಕ್ಕಳ ವೈದ್ಯರು ಕಲ್ಕತ್ತೆಯಿಂದ ಗಡಿಯ ಆ ಊರಿಗೆ ಹೋದರು. ಅಲ್ಲಿದ್ದದ್ದು ಎರಡು ಕೋಣೆ. ರೋಗಿಗಳು ನೆಲದ ಮೇಲೆ, ವಾಂತಿಭೇದಿಯ ನಡುವೆಯೇ ಮಲಗಿದ್ದರು. ವೈದ್ಯರು ಅದರಲ್ಲೇ ಮಂಡಿಯೂರಿ ಸೂಜಿ ಚುಚ್ಚಬೇಕಾಗಿತ್ತು. ಕೆಲವೇ ದಿನಗಳಲ್ಲಿ ಬಾಟಲಿಗಳು ಮುಗಿಯುತ್ತ ಬಂದವು. ಆಗ ಅವರು ಬಾಯಿಯಿಂದ ಕುಡಿಸುವ ದ್ರವವನ್ನೇ ನೆಚ್ಚುವ ನಿರ್ಧಾರಕ್ಕೆ ಬಂದರು. ಲೀಟರಿಗೆ 22 ಗ್ರಾಂ ಗ್ಲೂಕೋಸ್, ಮೂರೂವರೆ ಗ್ರಾಂ ಅಡುಗೆ ಉಪ್ಪು, ಎರಡೂವರೆ ಗ್ರಾಂ ಅಡುಗೆ ಸೋಡಾ. ಕಲ್ಕತ್ತೆಯಲ್ಲಿ ಇವನ್ನು ತೂಗಿ ಚೀಲಕ್ಕೆ ತುಂಬಿ, ಬಾಯನ್ನು ಇಸ್ತ್ರಿ ಪೆಟ್ಟಿಗೆಯಿಂದ ಒತ್ತಿ ಮುಚ್ಚಿ ಕಳಿಸುತ್ತಿದ್ದರು. ಇಲ್ಲಿ ನಲ್ಲಿಯಿದ್ದ ಡ್ರಮ್ಮುಗಳಲ್ಲಿ ಕಲಸಿಡುತ್ತಿದ್ದರು. ಲೀಟರಿಗೆ ತಗುಲಿದ ಖರ್ಚು ಹನ್ನೊಂದು ಪೈಸೆ.

ಕುಡಿಸಿದವರು ಯಾರು? ರೋಗಿಗಳ ತಾಯಂದಿರು, ಅಕ್ಕತಂಗಿಯರು, ಬಂಧುಗಳು. ಎರಡು ತಿಂಗಳಲ್ಲಿ ಮೂರು ಸಾವಿರಕ್ಕೂ ಹೆಚ್ಚು ಜನ ಚಿಕಿತ್ಸೆ ಪಡೆದರು. ನೂರಕ್ಕೆ ಮೂವತ್ತರಷ್ಟು ಸಾಯುತ್ತಿದ್ದ ಕಡೆ ಸಾವಿನ ಪ್ರಮಾಣ ನೂರಕ್ಕೆ 3.6ಕ್ಕೆ ಇಳಿಯಿತು. ಆ ವರದಿ 1973ರಲ್ಲಿ ಅಚ್ಚಾಯಿತು. 1978ರಲ್ಲಿ 'ಲ್ಯಾನ್ಸೆಟ್' ಪತ್ರಿಕೆ, ಸಕ್ಕರೆಗೂ ಉಪ್ಪಿಗೂ ಇರುವ ಈ ನಂಟಿನ ಶೋಧ ಶತಮಾನದ ಅತಿ ಮಹತ್ವದ ವೈದ್ಯಕೀಯ ಮುನ್ನಡೆ ಆಗಬಹುದೆಂದು ಸಂಪಾದಕೀಯದಲ್ಲಿ ಬರೆಯಿತು.

ಇಲ್ಲಿ ನನ್ನ ಮನೆಯ ಒಂದು ಮಾತು ಹೇಳಬೇಕು. ಈ ವರದಿ ಅಚ್ಚಾಗಿ ಮೂರು ವರ್ಷವಾಗಿತ್ತು. ನನ್ನ ತಮ್ಮನಿಗೆ ಎರಡು ತುಂಬಿರಲಿಲ್ಲ. ಬೇಸಿಗೆಯ ಒಂದು ರಾತ್ರಿ ವಾಂತಿಭೇದಿ ಹಿಡಿಯಿತು. ಹೊಟ್ಟೆ ಒಣಗಿದರೆ ನಿಲ್ಲುತ್ತದೆಂದು ಅಜ್ಜಿ ನೀರು ಕೊಡಗೊಡಲಿಲ್ಲ. ಮಗು ನೀರಿನ ಚೊಂಬಿನ ಕಡೆಗೇ ನೋಡುತ್ತಿತ್ತು. ಬೆಳಿಗ್ಗೆ ಗಾಡಿ ಕಟ್ಟಿ ತಾಲ್ಲೂಕಿಗೆ ಹೊರಟರು. ಅರ್ಧ ದಾರಿಯಿಂದ ಗಾಡಿ ಹಿಂದಕ್ಕೆ ಬಂತು. ಅಜ್ಜಿಯನ್ನು ನಾನು ದೂರುವುದಿಲ್ಲ. ಭೇದಿಗೆ ಉಪವಾಸವೇ ಮದ್ದು, ಕರುಳಿಗೆ ವಿಶ್ರಾಂತಿ ಬೇಕು ಎಂದು ದೊಡ್ಡ ದೊಡ್ಡ ಡಾಕ್ಟರುಗಳೇ ಬಹುಕಾಲ ಹೇಳುತ್ತಿದ್ದರು.

ನಾನು ಕೆಲಸಕ್ಕೆ ಸೇರಿದ ಹೊಸತರಲ್ಲಿ, ಅಂಗನವಾಡಿಗೆ ಬಂದ ಓಆರ್‌ಎಸ್ ಪೊಟ್ಟಣವೊಂದನ್ನು ತಂದು ಅವ್ವನಿಗೆ ತೋರಿಸಿ, ಇದರಲ್ಲಿ ಇರುವುದೇನೆಂದು ಹೇಳಿದೆ. ಅವ್ವ ಅದನ್ನು ತಿರುಗಿಸಿ ಮುರುಗಿಸಿ ನೋಡಿದಳು. "ಉಪ್ಪು, ಸಕ್ಕರೆ ಅಷ್ಟೇನೇ? ಎರಡೂ ಮನೇಲೇ ಇದ್ವಲ್ಲೇ" ಎಂದಳು. ಮತ್ತೇನೂ ಹೇಳಲಿಲ್ಲ. ಒಲೆಯ ಕಡೆಗೆ ತಿರುಗಿ ಕೂತಳು.

ಮದ್ದು ಕಂಡುಹಿಡಿದರೆ ಸಾಲದು. ಅದು ಒಲೆಯ ಮುಂದೆ ಕೂತವಳಿಗೆ ಮುಟ್ಟಬೇಕು. ಈ ಎರಡನೆಯ ಕೆಲಸವನ್ನು ದೊಡ್ಡ ಪ್ರಮಾಣದಲ್ಲಿ ಮಾಡಿದ್ದು ಬಾಂಗ್ಲಾದೇಶ. ಫಜ್ಲೆ ಹಸನ್ ಅಬೇದ್ ಕಟ್ಟಿದ 'ಬ್ರಾಕ್' ಸಂಸ್ಥೆ 1980ರಿಂದ 1990ರವರೆಗೆ ಹೆಣ್ಣುಮಕ್ಕಳ ತಂಡಗಳನ್ನು ಮನೆಮನೆಗೆ ಕಳಿಸಿ, ಒಂದು ಕೋಟಿಗೂ ಹೆಚ್ಚು ಮನೆಗಳಲ್ಲಿ ಈ ನೀರು ಮಾಡುವುದನ್ನು ಕಲಿಸಿತು. ತಕ್ಕಡಿ ಇಲ್ಲ, ಪೊಟ್ಟಣ ಇಲ್ಲ. ಮೂರು ಬೆರಳ ಚಿಟಿಕೆ ಉಪ್ಪು, ಒಂದು ಹಿಡಿ ಬೆಲ್ಲ, ಅರ್ಧ ಸೇರು ನೀರು. ತಾಯಿ ತನ್ನ ಕೈಯಾರೆ ಮಾಡಿ ತೋರಿಸಬೇಕು.

ಶಿಕ್ಷಕಿಯಾದ ನನ್ನ ಮನಸ್ಸಿಗೆ ನಾಟಿದ್ದು ಅವರ ಸಂಬಳದ ಕ್ರಮ. ಕಲಿಸಿ ಕೆಲವು ವಾರಗಳಾದ ಮೇಲೆ ಬೇರೆಯವರು ಹೋಗಿ, ಅಲ್ಲೊಬ್ಬ ಇಲ್ಲೊಬ್ಬ ತಾಯಿಯನ್ನು ಪರೀಕ್ಷಿಸುತ್ತಿದ್ದರು. ತಾಯಿಗೆ ಎಷ್ಟು ನೆನಪಿದೆಯೋ ಅದರ ಮೇಲೆ ಕಲಿಸಿದವಳಿಗೆ ಹಣ. ನಮ್ಮಲ್ಲಿ ಈ ನಿಯಮ ಬಂದರೆ ಎಷ್ಟು ಮಂದಿ ಮನೆಗೆ ಪೂರಾ ಸಂಬಳ ಒಯ್ದೇವು ಎಂದು ಸ್ಟಾಫ್‌ರೂಮಿನಲ್ಲಿ ಕೇಳಿದೆ. ಎಲ್ಲರೂ ನಕ್ಕರು, ಯಾರೂ ಉತ್ತರ ಕೊಡಲಿಲ್ಲ. ಇಷ್ಟಾದರೂ ಮೊದಮೊದಲು ಒಂದು ವಿಚಿತ್ರ ಕಂಡಿತು. ತಾಯಂದಿರು ಪಾಠವನ್ನು ಒಪ್ಪಿಸುತ್ತಿದ್ದರು, ಮಗುವಿಗೆ ಭೇದಿಯಾದಾಗ ಮಾತ್ರ ಮಾಡಿ ಕುಡಿಸುತ್ತಿರಲಿಲ್ಲ. ವಿಚಾರಿಸಿದರೆ, ಕಲಿಸುವ ಹೆಣ್ಣುಮಕ್ಕಳಲ್ಲೇ ಬಹಳ ಮಂದಿಗೆ ಇದರಲ್ಲಿ ನಂಬಿಕೆ ಇರಲಿಲ್ಲ. ಅವರನ್ನು ಢಾಕಾದ ಪ್ರಯೋಗಾಲಯಕ್ಕೆ ಕರೆದೊಯ್ದು, ನೀರು ಹೇಗೆ ಕೆಲಸ ಮಾಡುತ್ತದೆಂದು ತಿಳಿಸಿದರು. ಗಂಡಸರಿಗೂ ಸಂತೆಯಲ್ಲಿ, ಮಸೀದಿಯಲ್ಲಿ ವಿವರಿಸಿದರು. ಆಮೇಲೆ ಬಳಕೆ ಏರಿತು. ನಂಬದವರು ಕಲಿಸಿದ್ದು ಬಾಯಿಪಾಠವಾಗುತ್ತದೆ, ಬಳಕೆಯಾಗುವುದಿಲ್ಲ. ಬಿ.ಎಡ್. ಪುಸ್ತಕದಲ್ಲಿ ಈ ಮಾತು ಇಷ್ಟು ಸ್ಪಷ್ಟವಾಗಿ ನನಗೆ ಸಿಕ್ಕಿರಲಿಲ್ಲ.

1980ರ ಸುಮಾರಿಗೆ ಜಗತ್ತಿನಲ್ಲಿ ವರ್ಷಕ್ಕೆ ಐವತ್ತು ಲಕ್ಷದ ಹತ್ತಿರ ಎಳೆಯ ಮಕ್ಕಳು ಭೇದಿಯಿಂದ ಸಾಯುತ್ತಿದ್ದರೆಂದು ಅಂದಾಜು. ಇಂದು ಆ ಸಂಖ್ಯೆ ನಾಲ್ಕೂವರೆ ಲಕ್ಷದ ಆಸುಪಾಸಿನಲ್ಲಿದೆ. ಇದಕ್ಕೆ ಶುದ್ಧ ನೀರು, ಲಸಿಕೆ, ಶೌಚಾಲಯ ಎಲ್ಲವೂ ಕಾರಣ. ಈ ಉಪ್ಪುಸಕ್ಕರೆಯ ನೀರಿನ ಪಾಲು ಬಹಳ ದೊಡ್ಡದು. ಮಹಾಲನಬಿಸ್ 2022ರಲ್ಲಿ ತೀರಿಕೊಂಡರು. ಮರುವರ್ಷ ಅವರಿಗೆ ಮರಣೋತ್ತರವಾಗಿ ಪದ್ಮವಿಭೂಷಣ ಬಂತು.

ಆದರೂ ನಾಲ್ಕೂವರೆ ಲಕ್ಷ ಸಣ್ಣ ಸಂಖ್ಯೆಯಲ್ಲ. ನಮ್ಮ ಕಡೆ ಇಂದಿಗೂ ಭೇದಿಯೆಂದರೆ "ಡಾಕ್ಟ್ರೇ, ಒಂದು ಗ್ಲೂಕೋಸ್ ಬಾಟ್ಲಿ ಏರಿಸಿ" ಎಂದು ಕೇಳುವವರೇ ಹೆಚ್ಚು. ಅಗ್ಗದ್ದು ಮದ್ದಾದೀತೇ ಎಂಬ ಅನುಮಾನ ಹೋಗಿಲ್ಲ. ಅದಕ್ಕೇ ಪರೀಕ್ಷೆಗೆ ಬರಲಿ ಬಿಡಲಿ, ಹತ್ತನೆಯ ತರಗತಿಯ ಮಕ್ಕಳಿಗೆ ಪ್ರತಿವರ್ಷ ಇದನ್ನು ಮಾಡಿಸುತ್ತೇನೆ. ಪೊಟ್ಟಣ ಸಿಕ್ಕರೆ ಅದೇ ಮೇಲು. ಸಿಗದಿದ್ದರೆ ಕಾಯಿಸಿ ಆರಿಸಿದ ಒಂದು ಲೀಟರ್ ನೀರಿಗೆ ಟೀ ಚಮಚದಲ್ಲಿ ಸಮಮಟ್ಟಕ್ಕೆ ಆರು ಚಮಚ ಸಕ್ಕರೆ, ಅರ್ಧ ಚಮಚ ಉಪ್ಪು. ಉಪ್ಪು ಹೆಚ್ಚಾಗಬಾರದು, ಕಣ್ಣೀರಿಗಿಂತ ಉಪ್ಪಾಗಿದ್ದರೆ ಚೆಲ್ಲಿ ಹೊಸದು ಮಾಡಬೇಕು. ಗುಟುಕು ಗುಟುಕಾಗಿ ಕುಡಿಸಬೇಕು. ವಾಂತಿಯಾದರೆ ಹತ್ತು ನಿಮಿಷ ಬಿಟ್ಟು ಮತ್ತೆ ಕುಡಿಸಬೇಕು. ಎದೆಹಾಲು ನಿಲ್ಲಿಸಬಾರದು. ಮಗು ಮಂಕಾದರೆ, ಕುಡಿಯದಿದ್ದರೆ ತಡಮಾಡದೆ ಆಸ್ಪತ್ರೆಗೆ ಒಯ್ಯಬೇಕು, ದಾರಿಯುದ್ದಕ್ಕೂ ಕುಡಿಸುತ್ತಲೇ ಇರಬೇಕು.