ವ್ಯಸ್ತ ತ್ರೈರಾಶಿಕ

ಹನ್ನೆರಡು ಆಳುಗಳು ಕೆರೆಯ ಏರಿಯೊಂದನ್ನು 10 ದಿನಗಳಲ್ಲಿ ಕಟ್ಟುವರಾದರೆ 15 ಆಳುಗಳು ಎಷ್ಟು ದಿನಗಳಲ್ಲಿ ಕಟ್ಟುವರು? ತ್ರೈರಾಶಿಕವನ್ನು ಬಾಯಿಪಾಠ ಮಾಡಿದ ಹುಡುಗನು ಹನ್ನೆರಡೂವರೆ ದಿನವೆನ್ನುವನು. ಆಳು ಹೆಚ್ಚಿದಂತೆ ಕೆಲಸವೂ ತಡವಾಗುವುದೆಂದಂತಾಯಿತು! ಇಂತಹ ಕಡೆಗಳಲ್ಲಿ ಇಚ್ಛೆಯು ಬೆಳೆದರೆ ಫಲವು ಕುಗ್ಗುವುದೆಂಬುದನ್ನು ಮೊದಲು ಅರಿಯಬೇಕು. ಗುಣಾಕಾರ ಭಾಗಾಕಾರಗಳು ಆಮೇಲಿನವು.

ಕ್ರಿ. ಶ. 628ರಲ್ಲಿ ಬ್ರಹ್ಮಸ್ಫುಟಸಿದ್ಧಾಂತವನ್ನು ರಚಿಸಿದ ಬ್ರಹ್ಮಗುಪ್ತನು ಇದಕ್ಕೆ ವಿಧಿಯನ್ನು ಹೇಳಿದ್ದಾನೆ: ಪ್ರಮಾಣವನ್ನು ಫಲದಿಂದ ಗುಣಿಸಿ ಇಚ್ಛೆಯಿಂದ ಭಾಗಿಸತಕ್ಕದ್ದು. ಏರಿಯ ಲೆಕ್ಕದಲ್ಲಿ 12ನ್ನು 10ರಿಂದ ಗುಣಿಸಿದರೆ 120. ಅದನ್ನು 15ರಿಂದ ಭಾಗಿಸಿದರೆ 8 ದಿನ. ಈ 120 ಎಂಬುದು ಏರಿಗೆ ಬೇಕಾದ ಒಟ್ಟು ಆಳುದಿನಗಳು. ಆಳುಗಳು ಎಷ್ಟಾದರೂ ಆಗಲಿ, ಅದು ಮಾತ್ರ ಬದಲಾಗದು. ವಿಧಿಯ ಜೀವಾಳವೇ ಅದು.

1150ರಲ್ಲಿ ಭಾಸ್ಕರಾಚಾರ್ಯನು ಬರೆದ ಲೀಲಾವತಿಯಲ್ಲಿ ಈ ಜೀವಾಳವು ಒಂದು ಉದಾಹರಣೆಯಲ್ಲಿ ಸ್ಪಷ್ಟವಾಗಿದೆ, ಇನ್ನೊಂದರಲ್ಲಿ ಕಾಣದು. ಏಳು ಆಢಕದ ಮಾನದಿಂದ ಅಳೆದಾಗ 100 ಮಾನವಾದ ಧಾನ್ಯದ ರಾಶಿಯು ಐದು ಆಢಕದ ಮಾನದಿಂದ ಎಷ್ಟಾಗುವುದು? 140. ರಾಶಿಯು ಅದೇ ಆದುದರಿಂದ ಇಲ್ಲಿ ಸಂದೇಹಕ್ಕೆ ಎಡೆಯಿಲ್ಲ. ಆದರೆ ಅದೇ ಪ್ರಕರಣದಲ್ಲಿ, ಹದಿನಾರು ವರ್ಷದ ಸ್ತ್ರೀಗೆ 32 ನಿಷ್ಕ ಬೆಲೆಯಾದರೆ ಇಪ್ಪತ್ತು ವರ್ಷದವಳಿಗೆ ಎಷ್ಟೆಂಬ ಪ್ರಶ್ನೆಯೂ ಉಂಟು. ಉತ್ತರ ಇಪ್ಪತ್ತೈದು ಮತ್ತು ಐದನೆಯ ಮೂರು ಭಾಗ. ವಿಧಿಯನ್ನು ಹಿಂದಕ್ಕೆ ಒಯ್ದರೆ ಒಂದು ವರ್ಷದ ಹಸುಗೂಸಿಗೆ 512 ನಿಷ್ಕ ಬರುವುದು! ವಯಸ್ಸು ಬೆಲೆಗಳ ಗುಣಲಬ್ಧವು ಸ್ಥಿರವಾಗಿರಬೇಕೆಂಬ ನಿಯಮ ಪ್ರಕೃತಿಯಲ್ಲಿಲ್ಲ. ಅದು ಮನುಷ್ಯರನ್ನು ಕೊಂಡು ಮಾರುತ್ತಿದ್ದ ಪೇಟೆಯ ರೂಢಿ. ಆಚಾರ್ಯನ ಮಹಿಮೆಗೆ ಇದರಿಂದ ಕುಂದಿಲ್ಲವೆಂದು ಹೇಳುವವರುಂಟು. ಗಣಿತದ ಮಟ್ಟಿಗೆ ಆ ಮಾತು ನಿಜ. ಆದರೂ ಧಾನ್ಯದ ರಾಶಿಯೂ ದಾಸಿಯೂ ಒಂದೇ ಸಾಲಿನಲ್ಲಿ ನಿಂತುದನ್ನು ಓದುಗನು ಗಮನಿಸದೆ ಮುಂದೆ ಹೋಗಬಾರದು.

ಆಳುಗಳ ಲೆಕ್ಕಕ್ಕೂ ಒಂದು ಎಚ್ಚರಿಕೆ ಬೇಕು. ಎಲ್ಲರ ತೋಳಬಲವೂ ಸಮವಾಗಿದ್ದರೆ ಮಾತ್ರ ವ್ಯಸ್ತವಿಧಿಯು ಸಲ್ಲುವುದು. ಒಬ್ಬನು 6 ದಿನಗಳಲ್ಲಿಯೂ ಇನ್ನೊಬ್ಬನು 12 ದಿನಗಳಲ್ಲಿಯೂ ಮುಗಿಸುವ ಕೆಲಸವನ್ನು ಇಬ್ಬರೂ ಕೂಡಿ ಮಾಡಿದರೆ ಏನು ಗತಿ? ಇದಕ್ಕೆ ಮಾರ್ಗವು ಲೀಲಾವತಿಯ ನೀರಿನ ಲೆಕ್ಕದಲ್ಲಿದೆ. ನಾಲ್ಕು ಪ್ರವಾಹಗಳು ಒಂದು ಕೊಳವನ್ನು ಬೇರೆಬೇರೆಯಾಗಿ ಒಂದು ದಿನ, ಅರ್ಧ ದಿನ, ಮೂರನೆಯ ಒಂದು ದಿನ, ಆರನೆಯ ಒಂದು ದಿನಗಳಲ್ಲಿ ತುಂಬುತ್ತವೆ. ಒಂದು ದಿನದಲ್ಲಿ ಅವು ಕ್ರಮವಾಗಿ 1, 2, 3, 6 ಕೊಳಗಳನ್ನು ತುಂಬಬಲ್ಲವು, ಒಟ್ಟು 12. ಆದುದರಿಂದ ನಾಲ್ಕೂ ಸೇರಿದರೆ ದಿನದ ಹನ್ನೆರಡನೆಯ ಒಂದು ಭಾಗ ಸಾಕು. ಕಾಲಗಳನ್ನು ಕೂಡಬಾರದು, ಒಂದು ದಿನದ ಕೆಲಸಗಳನ್ನು ಕೂಡಬೇಕು. ಹಾಗೆ ಮಾಡಿದರೆ ಆ ಇಬ್ಬರು ಆಳುಗಳಿಗೆ ದಿನಕ್ಕೆ ಆರನೆಯ ಒಂದು, ಹನ್ನೆರಡನೆಯ ಒಂದು, ಕೂಡಿ ನಾಲ್ಕನೆಯ ಒಂದು ಪಾಲು. 4 ದಿನಗಳಲ್ಲಿ ಕೆಲಸ ಪೂರ್ತಿ.

ಕನ್ನಡನಾಡಿಗೂ ಈ ವಿದ್ಯೆಗೂ ಹಳೆಯ ನಂಟು. ರಾಷ್ಟ್ರಕೂಟ ನೃಪತುಂಗನನ್ನು ಹೊಗಳಿ ಒಂಬತ್ತನೆಯ ಶತಮಾನದಲ್ಲಿ ಗಣಿತಸಾರಸಂಗ್ರಹವನ್ನು ಬರೆದ ಮಹಾವೀರಾಚಾರ್ಯನು ತ್ರೈರಾಶಿಕಕ್ಕೆ ಒಂದು ವ್ಯವಹಾರವನ್ನೇ ಮೀಸಲಿಟ್ಟು, ಅದರಲ್ಲಿ ವ್ಯಸ್ತವನ್ನೂ ಸೇರಿಸಿದನು. ಹನ್ನೆರಡನೆಯ ಶತಮಾನದ ರಾಜಾದಿತ್ಯನು ವ್ಯವಹಾರಗಣಿತವನ್ನು ಕನ್ನಡದಲ್ಲಿಯೇ ರಚಿಸಿದನು. ಮಹಾವೀರನ ಗ್ರಂಥವು ಎಂ. ರಂಗಾಚಾರ್ಯರ ಇಂಗ್ಲಿಷ್ ಅನುವಾದದೊಡನೆ 1912ರಲ್ಲಿ ಮದರಾಸಿನಲ್ಲಿ ಅಚ್ಚಾಯಿತು.