ಎಡಿತ್ ಕ್ಲೆವರ್: ಇನ್ನೊಬ್ಬರ ದನಿಗೆ ಮುಖ ಕೊಟ್ಟ ನಟಿ

1940ರಲ್ಲಿ ಜರ್ಮನಿಯ ವುಪ್ಪರ್‌ಟಾಲ್‌ನಲ್ಲಿ ಹುಟ್ಟಿದ ಎಡಿತ್ ಕ್ಲೆವರ್, ಬರ್ಲಿನ್‌ನ ಶೌಬ್ಯೂನೆ ರಂಗತಂಡದಲ್ಲಿ ಹೆಸರು ಮಾಡಿದವರು. ವಾಗ್ನರ್‌ನ ಒಪೆರಾ ‘ಪಾರ್ಸಿಫಲ್’ ಅನ್ನು ಹಾನ್ಸ್ ಯೂರ್ಗೆನ್ ಸೈಬರ್‌ಬರ್ಗ್ 1982ರಲ್ಲಿ ತೆರೆಗೆ ತಂದಾಗ ಕುಂಡ್ರಿಯ ಪಾತ್ರ ಇವರ ಪಾಲಿಗೆ ಬಂತು. ಹಾಡಿದವರು ಇವೊನ್ ಮಿಂಟನ್. ವಾಗ್ನರ್‌ನ ಮರಣಮುಖವಾಡವನ್ನೇ ಬೆಟ್ಟದಷ್ಟು ಹಿಗ್ಗಿಸಿ ಕಟ್ಟಿದ ಸೆಟ್ಟಿನಲ್ಲಿ, ಮೊದಲೇ ಧ್ವನಿಮುದ್ರಿಸಿದ ಹಾಡಿಗೆ ಕ್ಲೆವರ್ ತುಟಿಯಾಡಿಸಿದರು. ಬರೀ ತುಟಿಯಲ್ಲ, ಉಸಿರನ್ನೂ ಕೂಡಿಸಿದರು. ದನಿ ಬೇರೆಯವರದೆಂಬುದು ನೋಡುವವರಿಗೆ ಮರೆತೇಹೋಗುತ್ತದೆ.

ಮೂರನೇ ಅಂಕವನ್ನು ಗಮನಿಸಿ. ಅಲ್ಲಿ ಕುಂಡ್ರಿ ಹಾಡುವುದು ಒಂದೇ ಪದ, ಅದೂ ಎರಡೇ ಸಲ. ಉಳಿದ ಅಷ್ಟೂ ಹೊತ್ತು ಮಾತಿಲ್ಲ. ಪಶ್ಚಾತ್ತಾಪ, ಅಳು, ಬಿಡುಗಡೆ ಎಲ್ಲವನ್ನೂ ಕಣ್ಣೇ ಹೇಳಬೇಕು. ಈ ಪಾತ್ರಕ್ಕೆ ಗಾಯಕಿಯಷ್ಟೇ ನಟಿಯೂ ಏಕೆ ಬೇಕೆಂಬುದು ಇಲ್ಲಿ ತಿಳಿಯುತ್ತದೆ.

ಸೈಬರ್‌ಬರ್ಗ್‌ರ ಮುಂದಿನ ಚಿತ್ರ ‘ದಿ ನಾಖ್ಟ್’ನಲ್ಲಿ (1985) ಸುಮಾರು ಆರು ಗಂಟೆ ತೆರೆಯ ಮೇಲೆ ಕ್ಲೆವರ್ ಒಬ್ಬರೇ.